ಗೂಟದ ಗಳಿಗೆ

ರಾಸ್ ಅಲ್ ಖೈಮಾದಲ್ಲಿ ನನ್ನ ಕೆಲಸ ಕೋಲು ಹಿಡಿಯುವುದು.
ಕೆಂಪು ಬಿಳಿ ಪಟ್ಟೆಯ ಅಳತೆಕೋಲು, ಅದರ ಹಿಂದೆ ನಾನು.
ದೂರದಲ್ಲಿ ಮೂರು ಕಾಲಿನ ಯಂತ್ರಕ್ಕೆ ಕಣ್ಣಿಟ್ಟ ಈಜಿಪ್ಟಿನವನು
ಎಡಕ್ಕೆ, ಇನ್ನೂ ಎಡಕ್ಕೆ, ಎಂದು ಕೈ ಬೀಸುತ್ತಾನೆ.
ಮರಳು ಒಂದೇ ರಾತ್ರಿಗೆ ರಸ್ತೆ ನುಂಗುವ ಊರು,
ನಿನ್ನೆ ದಿಬ್ಬವಿದ್ದಲ್ಲಿ ಇವತ್ತು ತಗ್ಗು.
ಆದರೂ ಅಲ್ಲೊಂದು ಇಲ್ಲೊಂದು
ಕಾಂಕ್ರೀಟಿನಲ್ಲಿ ಹೂತ ಹಿತ್ತಾಳೆಯ ಬಿಲ್ಲೆ,
ಹಳೆಯ ಎಂಟಾಣೆಗಿಂತ ದೊಡ್ಡದು, ಮೇಲೊಂದು ಸಂಖ್ಯೆ.
ಶಮಾಲ್ ಗಾಳಿಗೂ ಅದು ಕದಲದು.
ಉಳಿದುದೆಲ್ಲ ಎಷ್ಟೆತ್ತರ, ಎಷ್ಟಾಳ
ಎನ್ನುವುದು ಅದನ್ನು ಕೇಳಿಯೇ.

ಇದನ್ನು ಒಂದು ರಾತ್ರಿ ಇದಿನಬ್ಬನಿಗೆ ಹೇಳಿದೆ.
ಮೇಲಿನ ಮಂಚ ಅವನದು, ಕೆಳಗಿನದು ನನ್ನದು.
ಖುಬ್ಬೂಸ್ ಅಂಗಡಿಯ ಒಲೆಯ ಮುಂದೆ ನಿಲ್ಲುವವ,
ಹುಬ್ಬು ಸುಟ್ಟು ಹದಿನಾಲ್ಕು ವರ್ಷ.
ಹಿಟ್ಟಿನ ಲೆಕ್ಕದ ಹಳೆ ಪುಸ್ತಕಗಳಲ್ಲಿ ಖಾಲಿ ಉಳಿದ ಮಗ್ಗುಲಿಗೆ
ಅವನು ಲೋಕಗಳನ್ನು ಬರೆಯುತ್ತಾನೆ.
ಲೋಕ ಎನ್ನುವುದಿಲ್ಲ, ಕಡಲು ಎನ್ನುತ್ತಾನೆ.
ಈವರೆಗೆ ಹನ್ನೊಂದು ಕಡಲು.

ಮೂರನೆಯದರಲ್ಲಿ ಮುತ್ತಿನ ಕಾಲ ಮುಗಿದೇ ಇಲ್ಲ.
ಮೂಗು ಬಿಗಿದು ಮುಳುಗಿದವರು
ನೀರಿನಡಿಯಲ್ಲೇ ಮನೆ ಕಟ್ಟಿ ಬಾಡಿಗೆಗೆ ಕೊಟ್ಟಿದ್ದಾರೆ.
ಐದನೆಯದರಲ್ಲಿ ಎಣ್ಣೆ ಸಿಕ್ಕಿದ್ದು ಉಳ್ಳಾಲದ ಅಡಿಯಲ್ಲಿ;
ಅರಬರು ಬಂದರದಲ್ಲಿ ಸಾಲು ನಿಂತು, ಪಾಸ್‌ಪೋರ್ಟು ಒಪ್ಪಿಸಿ,
ಒಂದು ಕೋಣೆಗೆ ಹನ್ನೆರಡು ಜನ ಮಲಗಿ
ನಮ್ಮ ಎ.ಸಿ. ರಿಪೇರಿ ಮಾಡುತ್ತಾರೆ.
"ಸಂಬಳ ಸರಿ ಕೊಡ್ತೇವಾ ನಾವು?" ಕೇಳಿದೆ.
"ಎರಡು ತಿಂಗಳು ಬಾಕಿ," ಎಂದ, ನಗದೆ.

ಕಡಲಿಂದ ಕಡಲಿಗೆ ಏನೂ ಬದಲಾಗಬಹುದು,
ಅವನ ಕಾಯಿದೆ ಹಾಗೆ. ಆದರೆ
ಕೆಲವು ಗಳಿಗೆಗಳಿಗೆ ಗೂಟ.
ಅಲ್ಲಿಗೆ ಬಂದಾಗ ಹನ್ನೊಂದೂ ಒಂದಾಗಲೇಬೇಕು.
ಯುದ್ಧವೋ, ಪಟ್ಟಾಭಿಷೇಕವೋ ಅಂದುಕೊಂಡೆ.
ಅಲ್ಲ. ದುಬೈ ಖೋರಿನಲ್ಲಿ ದೋಣಿ ತಿರುಗುವಾಗ
ಯಾವನೋ ಹುಡುಗನ ಒಂದು ಚಪ್ಪಲಿ ನೀರಿಗೆ ಬೀಳುವುದು.
ಇನ್ನೊಂದು, ಖೋರ್ ಖುವೈರಿನ ಸಿಮೆಂಟು ಫ್ಯಾಕ್ಟರಿ,
ಅಸರ್ ಬಾಂಗು ಆಗಿ ಸ್ವಲ್ಪ ಹೊತ್ತು,
ತಮ್ಮ ಹಸನಬ್ಬ ಏಣಿಯ ಹದಿನೇಳನೇ ಮೆಟ್ಟಿಲಿಂದ ಬಗ್ಗಿ
"ಚಾ ಹಾಕಿಡು, ಈಗ ಬಂದೆ" ಎನ್ನುವುದು.

ಆಮೇಲಿನದನ್ನು ಅವನು ಯಾವ ಕಡಲಲ್ಲೂ ಬರೆದಿಲ್ಲ.
ಮುತ್ತಿನ ಕಡಲಲ್ಲಿ ಅದು ಹಗ್ಗದ ಏಣಿ.
ಎಣ್ಣೆಯ ಉಳ್ಳಾಲದಲ್ಲಿ ಹಸನಬ್ಬ ಸೂಟು ತೊಟ್ಟ ಸಾಹುಕಾರ,
ತನ್ನದೇ ಬಂಗಲೆಯ ಅಮೃತಶಿಲೆ, ಆದರೂ ಹದಿನೇಳು.
ಚಾ ಹಾಕುವವ ಎಲ್ಲದರಲ್ಲೂ ಅಣ್ಣ.

"ಬರೆಯುವವ ನೀನೇ ಅಲ್ವಾ, ಹೊಡೆದುಹಾಕು," ಎಂದೆ,
"ಹನ್ನೆರಡನೇ ಕಡಲಲ್ಲಿ ಏಣಿಯೇ ಬೇಡ."
ಮೇಲಿನ ಮಂಚ ತುಸು ಹೊತ್ತು ಕಿರುಗುಟ್ಟಲಿಲ್ಲ.
"ನಿನ್ನ ಬಿಲ್ಲೆ ಕಿತ್ತರೆ ಊರಿನ ಎತ್ತರ ಯಾರನ್ನು ಕೇಳ್ತೀ?
ಏಣಿ ಇಲ್ಲದ ಕಡಲಲ್ಲಿ
ಅವ ನನ್ನ ಹತ್ತಿರ ಚಾ ಕೇಳುವುದೂ ಇಲ್ಲ ಮಾರಾಯ."

ಕಳೆದ ವಾರ ರಸ್ತೆ ಅಗಲ ಮಾಡುವ ಹುಕುಂ ಬಂತು.
ಈಗ ಮೇಲೆ ಉಪಗ್ರಹವಿದೆ, ಕೆಳಗೆ ಬಿಲ್ಲೆ ಬೇಡವಂತೆ.
ಉಳಿ ಇಟ್ಟು ನಾನೇ ಎಬ್ಬಿಸಿದೆ.
ಅಂಗೈ ಸುಡುವಷ್ಟು ಬಿಸಿ, ಬುಡದಲ್ಲಿ ಸಿಮೆಂಟಿನ ಬಾಲ.
ಊಟದ ಹೊತ್ತಿಗೆ ಗುಂಡಿಯನ್ನು ಮರಳು ಮುಚ್ಚಿತ್ತು,
ಜಾಗ ನಾನೂ ತೋರಿಸಲಾರೆ.
ಕಿಸೆಯಲ್ಲಿ ತಂದು ಇದಿನಬ್ಬನಿಗೆ ಕೊಟ್ಟೆ.
ತಿರುಗಿಸಿ, ಸಂಖ್ಯೆ ಓದಿ,
"ಈಗ ಇದು ಎಷ್ಟು ಎತ್ತರ?" ಎಂದ.
ಕಿತ್ತ ಮೇಲೆ ಎತ್ತರ ಇಲ್ಲ, ತೂಕ ಮಾತ್ರ, ಎಂದೆ.

ಎ.ಸಿ. ಗಾಳಿಗೆ ಹಾಳೆ ಮಗುಚದಂತೆ
ಪುಸ್ತಕದ ಮೇಲಿಟ್ಟ.
ಹನ್ನೆರಡನೇ ಕಡಲು, ಒಂದೂವರೆ ಸಾಲು.
ಏಣಿಯ ಮೇಲೆ ಯಾರೋ ಬಗ್ಗಿದ್ದಾರೆ,
ಬಾಯಿ ಇನ್ನೂ ತೆರೆದಿಲ್ಲ.
ನಾನು ಎದ್ದು ಸ್ಟೌವಿನ ಮೇಲೆ ನೀರಿಟ್ಟೆ,
ಮೂರು ಲೋಟದಷ್ಟು.