ಅನಿಮಿಷ

ಇರಿಯಾ ಮೀನಿಗೆ ರೆಪ್ಪೆ ಬಿಡಿಸುತ್ತಿದ್ದಾಳೆ.
ಅ ಕೊರುನ್ಯಾ, ಮೂರನೇ ಮಹಡಿ, ಕಿಟಕಿಯಾಚೆ ಬಂದರಿನ ಕ್ರೇನು.
ಸೆಕೆಂಡಿಗೆ ಇಪ್ಪತ್ತನಾಲ್ಕು ಚಿತ್ರ,
ಮೂರರಲ್ಲಿ ರೆಪ್ಪೆ ಇಳಿದು ನಾಲ್ಕರಲ್ಲಿ ಏಳಬೇಕು.
ಮಿಟುಕದ ಮುಖವನ್ನು ಯಾರೂ ಪ್ರೀತಿಸುವುದಿಲ್ಲ
ಎಂದಿದ್ದಾನೆ ನಿರ್ದೇಶಕ.
ಹುಬ್ಬೂ ಬೇಕಂತೆ. ಕತ್ತೂ ಬೇಕಂತೆ,
ಒಲ್ಲೆ ಅನ್ನಲು ಏನನ್ನಾದರೂ ಅಲ್ಲಾಡಿಸಬೇಕಲ್ಲ.

ಪಾತ್ರ ಒಂದು ಚಪ್ಪಟೆ ಮೀನು, ಅಜ್ಜಿ.
ನಿಜದಲ್ಲಿ ಆ ಜಾತಿ ಮರಿಯಿದ್ದಾಗ ನೆಟ್ಟಗೆ ಈಜುತ್ತದೆ
ಎಲ್ಲರ ಹಾಗೆ, ಆಚೆಗೊಂದು ಈಚೆಗೊಂದು ಕಣ್ಣು.
ಆಮೇಲೆ ಒಂದು ಕಣ್ಣು ಗುಳೆ ಹೊರಡುತ್ತದೆ,
ನೆತ್ತಿ ಹತ್ತಿ, ನೆತ್ತಿ ಇಳಿದು,
ಇನ್ನೊಂದರ ಪಕ್ಕಕ್ಕೆ ಬಂದು ಕೂರುತ್ತದೆ.
ಬಾಯಿಗೆ ಸುದ್ದಿ ಮುಟ್ಟುವುದೇ ಇಲ್ಲ,
ಅದು ಕಡೆತನಕ ಸೊಟ್ಟ.
ಮೀನು ಮಗ್ಗುಲಾಗಿ ಮಲಗಿ ಮರಳಿನ ಬಣ್ಣವಾಗುತ್ತದೆ.

ಇದನ್ನೇ ಬಿಡಿಸಿ ತೋರಿಸಿದ್ದಳು.
ಮಕ್ಕಳು ಹೆದರುತ್ತಾರೆ, ಅಂದರು.
ಕಣ್ಣನ್ನು ಮುಂದಕ್ಕೆ ತಂದು ಕನ್ನಡಕ ಹಾಕಿಸಿದರು.
ಕಿವಿಯಿಲ್ಲದ ತಲೆಗೆ ಅದು ಹೇಗೆ ನಿಲ್ಲುತ್ತದೋ!

ಶನಿವಾರ ಅಮ್ಮನ ಅಂಗಡಿ. ಕಲ್ಲುಹಾಸು, ಪುಡಿ ಐಸು,
ಒಬ್ದುಲಿಯಾಳ ರಬ್ಬರ್ ಬೂಟು,
ನಲವತ್ತು ವರ್ಷ ಉಪ್ಪುನೀರು ಕುಡಿದ ಬೆರಳು.
ಮಗಳ ಫೋನನ್ನು ಮುಟ್ಟದೆ, ಗದ್ದ ಚಾಚಿ ನೋಡಿದಳು.
ಅಜ್ಜಿ ಮೀನು ಕಣ್ಣು ಮುಚ್ಚಿ ತೆರೆದು ನಕ್ಕಿತು.
"ಹಲ್ಲು ನನಗಿಂತ ವಾಸಿ."
ಆಮೇಲೆ ಮುಂದಿದ್ದ ಮೀನೊಂದನ್ನೆತ್ತಿ
ಕಿವಿರಿನ ಕೆಂಪು ಬಿಡಿಸಿ ತೋರಿಸಿ,
"ಇದಕ್ಕೆ ರೆಪ್ಪೆಯಿದ್ದಿದ್ದರೆ ನಾವು ಉಣ್ಣುತ್ತಿದ್ದೆವಾ?
ಬಂದವರು ಮೊದಲು ನೋಡುವುದೇ ಕಣ್ಣು.
ಹೊಳೆದರೆ ಹದಿನೆಂಟು ಯೂರೋ. ಮಬ್ಬಾದರೆ ಬೆಕ್ಕಿಗೆ."

ಬಾಯ್ತುಂಬ ಬ್ರೆಡ್ಡಿಟ್ಟುಕೊಂಡ ಹುಡುಗನೊಬ್ಬ
ಐಸಿನ ಮೇಲೆ ಬಗ್ಗಿದ.
"ಮಲಗಿದೆಯಾ?"
"ಇಲ್ಲ ಕಣೋ."
"ಮತ್ತೆ ನನ್ನನ್ನೇ ನೋಡ್ತಿದೆಯಾ?"
ಒಬ್ದುಲಿಯಾ ಒರೆಸಿದ ತಕ್ಕಡಿಯನ್ನೇ ಮತ್ತೆ ಒರೆಸಿದಳು.

ನನ್ನ ಭಾಷೆಯಲ್ಲಿ ಒಂದು ಪದವಿದೆ, ಇರಿಯಾ,
ಮೀನಿಗೂ ದೇವರಿಗೂ ಅದೊಂದೇ:
ಅನಿಮಿಷ. ಎವೆಯಿಕ್ಕದವರು.
ನೀನು ಮಾಡುವ ಕೆಲಸದ ಹೆಸರಿಗೂ ಅದಕ್ಕೂ
ಕಿವಿಗೆ ಕೇಳುವಷ್ಟೇ ನಂಟು;
ನೀನು ಕೊಡುವುದು ಅದಿಲ್ಲದ್ದನ್ನು,
ನಮ್ಮ ದಣಿವನ್ನು, ನಾಚಿಕೆಯನ್ನು, ನಿದ್ದೆಯನ್ನು.

ಆ ರಾತ್ರಿ ದೃಶ್ಯ ಮುಗಿಸುವಾಗ
ಇಪ್ಪತ್ತನಾಲ್ಕರಲ್ಲಿ ಒಂದು ಚಿತ್ರಕ್ಕೆ, ಒಂದಕ್ಕೇ,
ರೆಪ್ಪೆ ಅಳಿಸಿದಳು. ಹುಬ್ಬು, ಕನ್ನಡಕ, ಸಾಲು ಹಲ್ಲು.
ಎರಡೂ ಕಣ್ಣನ್ನು ಒಂದೇ ಮಗ್ಗುಲಿಗೆ ಸರಿಸಿ
ಬಾಯಿ ಸೊಟ್ಟ ಮಾಡಿದಳು.

ಯಾರಿಗೂ ಕಾಣುವುದಿಲ್ಲ.
ಕಣ್ಣು ಮಿಟುಕಿಸುವಷ್ಟರಲ್ಲಿ ಹೋಗಿರುತ್ತದೆ.