ತೊರಕೆ ಗುರುತು

ಬೈತಖೋಲಿನ ಬಂದರು ಕಚೇರಿಯಲ್ಲಿ
ಇಪ್ಪತ್ತೆಂಟು ವರ್ಷ ಸಮುದ್ರವನ್ನು ನಕಲು ಮಾಡಿದೆ.
ಒಂದಕ್ಷರ ಸ್ವಂತದ್ದಲ್ಲ.
ಮೇಲೆ ಮೇಣಬಟ್ಟೆ, ಕೆಳಗೆ ಹಳೆಯ ಹಾಳೆ,
ನಡುವೆ ಉಸಿರು ಬಿಗಿಹಿಡಿದ ನಾನು:
ಇಲ್ಲಿ ಬಂಡೆ, ಇಲ್ಲಿ ಕೆಸರು, ಇಲ್ಲಿ ಮೂರು ಮಾರು ನೀರು,
ದೇವಗಡದ ದೀಪಕ್ಕೆ ಒಂದು ನಕ್ಷತ್ರ.

ಮಧ್ಯಾಹ್ನ ಸುಗಂಧಾ ತಾಂಡೇಲ
ಮೀನುಬುಟ್ಟಿ ಹೊತ್ತು ಪೇಟೆಗೆ ಹೋಗುವಾಗ
ಮಗಳನ್ನು ನನ್ನ ಮೇಜಿನ ಕೆಳಗೆ ಬಿಟ್ಟುಹೋಗುತ್ತಿದ್ದಳು.
ಶೆವಂತಿ. ಒಂಬತ್ತು ವರ್ಷ. ಮುಂದಿನ ಹಲ್ಲೊಂದು ಇಲ್ಲ.
ಹೋದ ವರ್ಷದ ಭರತ-ಇಳಿತದ ಪಟ್ಟಿಯ ಬೆನ್ನಿಗೆ
ಅವಳೊಂದು ದೇಶ ಕಟ್ಟುತ್ತಿದ್ದಳು. ಹೆಸರು ಜುಮಾಳಿ.

ಹೊಳೆಯೇನೋ ನಮ್ಮ ಕಾಳಿಯೇ;
ಸೇತುವೆ ಮಾತ್ರ ಚಾಪೆಯ ಹಾಗೆ ಸುತ್ತಿ
ಕಂಕುಳಲ್ಲಿಟ್ಟುಕೊಂಡು ಹೋಗುವಂಥದು.
ಗುಡ್ಡಗಳು ನೀರಿಳಿದ ಹೊತ್ತಿಗೆ ಎದ್ದು
ಮಗ್ಗುಲು ಬದಲಾಯಿಸುತ್ತವೆ.
ಆಮೆಯಂಥ ಕೂರ್ಮಗಡ ಅಲ್ಲಿ ನಿಜವಾಗಿ ಆಮೆ,
ಮೊಟ್ಟೆಯಿಡಲು ವರ್ಷಕ್ಕೊಮ್ಮೆ ದಡಕ್ಕೆ ಬರುತ್ತದೆ.
ನಿನ್ನೆ ಬರೆದ ನಕ್ಷೆ ಇವತ್ತು ಸುಳ್ಳು, ಹಾಗಾಗಿ
ರಾಜ ಮೂವರು ನಕ್ಷೆಗಾರರಿಗೆ
ಅವರವರ ಹಾಳೆಯನ್ನೇ ಉಪ್ಪು ಹಚ್ಚಿ ತಿನ್ನಿಸಿದನಂತೆ.
"ನಿಮ್ಮಂಥವರೇ" ಅಂದಳು, ಪೆನ್ಸಿಲು ಕಚ್ಚುತ್ತ.

ಕೊನೆಗೆ ಬಲೆ ಹೆಣೆಯುವ ಒಬ್ಬ ಮುದುಕಿ
ಗುರುತೊಂದನ್ನು ಕೊಟ್ಟಳು:
ಓರೆ ಚೌಕ, ಒಳಗೆ ಎರಡು ಕಣ್ಣು, ಉದ್ದ ಬಾಲ.
ತೊರಕೆ ಮೀನು.
ಅದನ್ನು ಬರೆದಲ್ಲಿ ಊರು
ಮರಳು ಹೊದ್ದು ಮಲಗುತ್ತದೆ, ಎಲ್ಲಿಗೂ ಹೋಗುವುದಿಲ್ಲ.
ಬಾಲಕ್ಕೆ ಉತ್ತರ ದಿಕ್ಕಿನ ಹಂಗಿಲ್ಲ,
ನಕ್ಷೆ ಹಿಡಿದವರತ್ತ ತಿರುಗುತ್ತದೆ:
ಊರಿಗೂ ಗೊತ್ತಿರಬೇಕಲ್ಲ, ನೀವು ಎಲ್ಲಿದ್ದೀರಿ ಅಂತ.

ಅರ್ಥ ಮಾತ್ರ ಬರೆಯಕೂಡದು.
ಮೂಲೆಯ ಸೂಚಿಯಲ್ಲಿ, ಬಾವಿ ಗುಡಿಗಳ ಸಾಲಿಗೆ ಸೇರಿಸಿದರೆ
ಶಾಯಿ ಕದಡಿ ಈಜಿಹೋಗುತ್ತದೆ.

ನಕ್ಕೆ. ಸೂಚಿಯಿಲ್ಲದ ಗುರುತೆಂದರೆ ನನಗೆ
ಅರ್ಜಿಯಿಲ್ಲದ ರಜೆ.

ಒಂದು ಸಂಜೆ ಮೇಜಿನ ಮೇಲೆ ದೊಡ್ಡ ಹಾಳೆ ಹರವಿತ್ತು.
"ಇದರಲ್ಲಿ ನಮ್ಮ ಆಜಿಯ ಮನೆ ಎಲ್ಲಿ?"
ದಕ್ಷಿಣಕ್ಕೆ ಬೆರಳು ಸರಿಸಿದೆ, ಬೇಲಿಯ ಗೆರೆ ದಾಟಿ.
ಅಲ್ಲಿ ಬಿಳಿ. ಮುಟ್ಟಿದರೆ ಒರಟು.
ಮೇಲಿನವರ ಚೀಟಿ ಬಂದ ದಿನ
ಅರ್ಧ ಬ್ಲೇಡಿನಲ್ಲಿ ಕೆರೆದವನು ನಾನೇ:
ಹೆಸರಿನ ನಾಲ್ಕಕ್ಷರ, ಎರಡು ಬಾವಿ, ಬಲೆ ಒಣಗಿಸುವ ದಿಬ್ಬ.
ಪುಡಿಯನ್ನು ಬಾಯಲ್ಲಿ ಊದಿ
ಚಹಾ ಬಂತೆಂದು ಎದ್ದುಹೋಗಿದ್ದೆ.

ಅವಳು ಏನೂ ಕೇಳಲಿಲ್ಲ. ಬೆರಳಾಡಿಸಿ
"ಆಜಿಯ ಹಿಮ್ಮಡಿ ಹೀಗೇ ಇದೆ" ಅಂದಳು.
ನನ್ನದೇ ಪೆನ್ನೆತ್ತಿ,
ಸರಕಾರದ ಹಾಳೆಯ ಮೇಲೆ, ಅಳಿಯದ ಶಾಯಿಯಲ್ಲಿ,
ಓರೆ ಚೌಕ, ಎರಡು ಕಣ್ಣು, ಬಾಲ.

ತಡೆಯಬಹುದಿತ್ತು. ಕೈ ಚಾಚಿದ್ದೂ ನಿಜ.
ಚಾಚಿದ ಕೈ ಶಾಯಿಯ ಕುಪ್ಪಿಯನ್ನು
ಅವಳ ಹತ್ತಿರಕ್ಕೆ ಸರಿಸಿತು.

ತಪಾಸಣೆಗೆ ಬಂದ ಸಾಹೇಬರು ಕನ್ನಡಕ ಏರಿಸಿದರು.
"ಇದೇನ್ರೀ, ಸೂಚಿಯಲ್ಲಿಲ್ಲ?"
"ನೊಣ ಕೂತಿತ್ತು, ಸಾರ್."
ಹಾಳೆಯನ್ನು ತಮ್ಮತ್ತ ತಿರುಗಿಸಿಕೊಂಡರು.
ಬಾಲ ತಿರುಗಲಿಲ್ಲ, ನನ್ನ ಕಡೆಗೇ ಇತ್ತು.
ಹಾಗೆ ಕಂಡಿತು ಅನ್ನಿ,
ಕಣ್ಣಿಗೆ ಪೊರೆ ಶುರುವಾಗಿತ್ತು ಆಗಲೇ.

ಈಗ ಪೆನ್ಶನ್ನು. ನೀರಿಳಿದಾಗ
ಕೋಡಿಬಾಗದ ಕಡೆ ನಡೆಯುತ್ತೇನೆ,
ಸುಗಂಧಾ ಹೇಳಿಕೊಟ್ಟ ಹಾಗೆ,
ಕಾಲೆತ್ತಿ ಇಡದೆ, ಮರಳಲ್ಲಿ ಎಳೆಯುತ್ತ,
ಕೆಳಗೆ ಮಲಗಿದ್ದಕ್ಕೆ ನಾವು ಬರುವುದು ತಿಳಿಯಲಿ ಎಂದು.
ಕೆಲವು ಸಲ ಎಡಗಾಲಿನಡಿ ಏನೋ ಮಿಸುಕುತ್ತದೆ.
ನಿಲ್ಲುತ್ತೇನೆ.
ಹೆಸರು ಹೇಳುತ್ತೇನೆ,
ನನ್ನದು.