ಒಂಬತ್ತು ಸೆಕೆಂಡು

ಯಾವ ಭಾಷೆಯ ಸಿನಿಮಾ ಎಂದು ಕೇಳಿದ್ದೆ.
ಮಿಸ್ರಿಯಾ ನಕ್ಕು, ನೀರಿನದ್ದು ಅಂದಳು.
ಕುಂಬಳೆಯಲ್ಲಿ ಒಂದು ಬೋರ್ಡು ಬರೆಯಲಿಕ್ಕೂ
ಮೂರು ಲಿಪಿಯ ಜಗಳ;
ಇರಲಿ, ಇದಕ್ಕೆ ಒಂದೂ ಬೇಡವಲ್ಲ.

ಇಡೀ ದಿನ ಹಿಡಿದಳು ನಮ್ಮ ಮನೆಯಲ್ಲಿ.
ಹಗ್ಗದ ಮೇಲೆ ಬಟ್ಟೆಯಿಲ್ಲದ ಏಳು ಕ್ಲಿಪ್ಪು,
ಬಾಗಿಲ ಹಿಂದಿನ ಮೊಳೆ,
ಗೋಡೆಯಲ್ಲಿ ತಲೆಯೆಣ್ಣೆಯ ಉರುಟು ಕಲೆ.
ಅಲ್ಲೇ ಒರಗಿ ಬೀಡಿ ಕಟ್ಟುತ್ತಿದ್ದಳು ಜಲಜಾಕ್ಷಿ.
ಅವಳ ಫೋಟೋ ತಂದುಕೊಟ್ಟೆ.
ಬೇಡ ಐತಪ್ಪಣ್ಣ, ಅಂದಳು ಹುಡುಗಿ.
ಫೋಟೋ ಬೇಡದ ಸಿನಿಮಾ ಎಂಥದ್ದು ಮಾರಾಯ್ತಿ!

ಸಂಜೆಗೆ ಮುಂಚೆ, ಕಾಲು ತೊಳೆದು
ಮುರಕಲ್ಲಿನ ಮೆಟ್ಟಿಲು ಹತ್ತಿ ಒಳಗೆ ಹೋಗಿ ಎಂದಳು,
ಹಿಂದೆ ತಿರುಗಬೇಡಿ.
ತಿರುಗಲಿಲ್ಲ.

ವಾಚನಾಲಯದ ಗೋಡೆಗೆ ಪಂಚೆ ಕಟ್ಟಿ ತೋರಿಸಿದರು.
ಹದಿಮೂರು ಮಂದಿ ನಾವು, ಮತ್ತೆ ಒಂದು ಫ್ಯಾನು.
ಕಣ್ಣು ಮಿಟುಕಿಸುವಾಗ ಕ್ಲಿಪ್ಪು ಹೋಯಿತು,
ಮೊಳೆ ಬಂತು, ಹೋಯಿತು,
ಇಲ್ಲಿ ನಿಲ್ಲದ ರೈಲೊಂದರ ಕಿಟಕಿ ಬೆಳಕು
ಎಣ್ಣೆಯ ಕಲೆಯ ಮೇಲೆ ಓಡಿತು.
ಆಮೇಲೆ ಮೆಟ್ಟಿಲು.
ಒದ್ದೆ ಹೆಜ್ಜೆ, ಮೂರು. ಇಟ್ಟವರು ಇಲ್ಲ.
ಬೆರಳುಗಳು ಮೊದಲು ಆರಿದವು,
ಆಮೇಲೆ ಅಂಗಾಲಿನ ಹೊರ ಅಂಚು.
ಹಿಮ್ಮಡಿ ಸ್ವಲ್ಪ ತಡೆದು ನಿಂತಿತು
ಏನೋ ಮರೆತವರ ಹಾಗೆ.
ಪೋಸ್ಟಿನ ಸಂಕಪ್ಪ ಮೆಲ್ಲ ಕೇಳಿದ,
ಜಲಜಕ್ಕನದ್ದಲ್ವಾ?

ಹೌದು ಎಂದೆ. ಯಾಕೆ ಹಾಗಂದೆನೋ.
ಆ ಹಿಮ್ಮಡಿಯ ಬಿರುಕು ನನ್ನದು,
ಐಸ್ ಪ್ಲಾಂಟಿನ ಉಪ್ಪುನೀರಿನಲ್ಲಿ
ಇಪ್ಪತ್ತೆರಡು ವರ್ಷ ನಿಂತು ಒಡೆದದ್ದು.
ಹೋದವಳನ್ನು ನೋಡಲೆಂದು ಬಂದು ಕೂತರೆ
ಪಂಚೆಯ ಮೇಲೆ ಆರುತ್ತಿದ್ದದ್ದು ನಾನು,
ಮೆಟ್ಟಿಲಿನ ಈಚೆ ಯಾರೋ ಕೂತು
ನನ್ನನ್ನು ನೋಡುತ್ತಿದ್ದರು.

ಮರುದಿನ ಅದೇ ಹೊತ್ತಿಗೆ ಕಾಲು ತೊಳೆದು ಹತ್ತಿದೆ.
ಈ ಸಲ ತಿರುಗಿದೆ, ಅಲ್ಲೇ ಕೂತೆ.
ಕರಗುವುದರ ಲೆಕ್ಕ ನನಗೆ ಗೊತ್ತು:
ಎಷ್ಟು ಐಸಿಗೆ ಎಷ್ಟು ಉಮಿ ಹಾಕಿದರೆ
ಬಂಗುಡೆ ಎಲ್ಲಿಯವರೆಗೆ ಹೋದೀತು ಎಂದು
ಲಾರಿಯವರು ನನ್ನನ್ನೇ ಕೇಳುತ್ತಿದ್ದರು.
ಮೇ ತಿಂಗಳ ಕಾದ ಕಲ್ಲು. ಆದರೂ
ಒಂದು ನಿಮಿಷ ನಲ್ವತ್ತು ಸೆಕೆಂಡು ಬೇಕಾಯಿತು.
ಸಿನಿಮಾದಲ್ಲಿ ಇದ್ದದ್ದು ಒಂಬತ್ತು.

ಮಿಸ್ರಿಯಾ ಈಗ ಕಣ್ಣೂರಿನಲ್ಲಿ,
ಮದುವೆ ವಿಡಿಯೋ ಎಡಿಟ್ ಮಾಡುತ್ತಾಳಂತೆ.
ಒಮ್ಮೆ ಫೋನು ಮಾಡಿ ಕೇಳಬೇಕು,
ಕತ್ತರಿಸಿದ ಆ ತೊಂಬತ್ತೊಂದನ್ನು
ಎಲ್ಲಿ ಇಟ್ಟಿದ್ದೀ ಮಗಾ,
ಇಟ್ಟಿದ್ದರೆ.